ಬಿಟ್ಟ ಅಧ್ಯಾಯ

ಆಡಿಟ್ ಕೆಲಸ ಕಲಿಯಲು ಹೋದ ಹುಡುಗನಿಗೆ ಮೊದಲ ವಾರದಲ್ಲೇ ಹೇಳಿಕೊಡುವ ಪಾಠವೊಂದಿದೆ. ರಸೀತಿ ಪುಸ್ತಕ ಕೈಗೆ ಬಂದರೆ ಮೊತ್ತ ನೋಡುವ ಮೊದಲು ಕ್ರಮಸಂಖ್ಯೆ ನೋಡು. 111 ಆದಮೇಲೆ 113 ಬಂದರೆ ಅಲ್ಲೇ ನಿಲ್ಲು. ಕೂಡಿ ಕಳೆದ ಲೆಕ್ಕವೆಲ್ಲ ಸರಿಯಿರಬಹುದು. ಆದರೆ 112 ಎಲ್ಲಿ ಹೋಯಿತೆಂದು ಗೊತ್ತಾಗುವ ತನಕ ಸಹಿ ಹಾಕಬೇಡ.

ಯೋಹಾನ ಕ್ಯಾಸಿಯನ್‌ನ ‘ಸಂವಾದಗಳು’ ಗ್ರಂಥವನ್ನು ಮೊದಲ ಸಲ ಓದಿದಾಗ ನನಗೆ ಈ ಪಾಠ ನೆನಪಾಯಿತು. ಎಡ್ಗರ್ ಗಿಬ್ಸನ್ ಎಂಬ ಆಂಗ್ಲಿಕನ್ ಪಾದ್ರಿ 1894ರಲ್ಲಿ ಇಂಗ್ಲಿಷಿಗೆ ತಂದ ಸಂಪುಟ ಅದು. ಹನ್ನೊಂದನೆಯ ಸಂವಾದ ಮುಗಿಯುತ್ತದೆ, ಆಮೇಲೆ ಹದಿಮೂರನೆಯದು ಶುರುವಾಗುತ್ತದೆ. ಹನ್ನೆರಡನೆಯದನ್ನು ಬಿಟ್ಟಿದೆ. ಇಪ್ಪತ್ತೆರಡನೆಯದೂ ಇಲ್ಲ. ಅದೇ ಸಂಪುಟದಲ್ಲಿರುವ ‘ಮಠನಿಯಮಗಳು’ ಎಂಬ ಅವನ ಇನ್ನೊಂದು ಗ್ರಂಥದಲ್ಲಿ ಆರನೆಯ ಭಾಗವಿಲ್ಲ. ಹೀಗೆ ಬಿಟ್ಟ ಮೂರರ ವಿಷಯವೂ ಒಂದೇ: ಕಾಮ, ಅದರೊಡನೆ ಸೆಣಸುವ ಬಗೆ, ದೇಹ ಮತ್ತು ಮನಸ್ಸಿನ ಶುದ್ಧಿ.

ಶುದ್ಧಿಯನ್ನು ಕಲಿಸುವ ಪುಸ್ತಕದಲ್ಲಿ ಶುದ್ಧಿಯ ಅಧ್ಯಾಯವೇ ಸಭ್ಯವಲ್ಲವೆಂದು ಹೊರಗುಳಿಯಿತು! ಗಿಬ್ಸನ್‌ನನ್ನು ಹಾಸ್ಯ ಮಾಡುವುದು ಸುಲಭ. ವಿಕ್ಟೋರಿಯಾ ರಾಣಿಯ ಕಾಲದ ಪಾದ್ರಿ, ಮನೆಮಂದಿಯೆಲ್ಲ ತೆರೆದು ನೋಡಬಹುದಾದ ಸಂಪುಟ. ಅವನ ಸಂಕೋಚ ಅರ್ಥವಾಗದ್ದೇನಲ್ಲ. ಬಾನಿಫೇಸ್ ರಾಮ್ಸೆ ಎಂಬ ಡೊಮಿನಿಕನ್ ಗುರುಗಳು 1997ರಲ್ಲಿ ‘ಸಂವಾದಗಳು’, 2000ದಲ್ಲಿ ‘ಮಠನಿಯಮಗಳು’ ಎರಡನ್ನೂ ಪೂರ್ತಿಯಾಗಿ ಇಂಗ್ಲಿಷಿಗೆ ತಂದರು. ಆ ಅನುವಾದ ಸಿಕ್ಕಿದ ದಿನ ನಾನು ಓದಿದ್ದು ಹನ್ನೆರಡನೆಯದನ್ನೇ. ಬಿಟ್ಟದ್ದರಲ್ಲಿ ಏನಿತ್ತು, ಬಿಟ್ಟಿದ್ದರಿಂದ ಏನು ನಷ್ಟವಾಯಿತು ಎಂಬುದೇ ಈ ಬರಹದ ವಿಷಯ.

ಕ್ಯಾಸಿಯನ್ ನಾಲ್ಕು ಮತ್ತು ಐದನೆಯ ಶತಮಾನಗಳಲ್ಲಿ ಬಾಳಿದವನು. ಗೆರ್ಮಾನುಸ್ ಎಂಬ ಗೆಳೆಯನ ಜತೆ ಈಜಿಪ್ಟಿನ ಮರುಭೂಮಿಗೆ ಹೋಗಿ, ಅಲ್ಲಿನ ವೃದ್ಧ ತಪಸ್ವಿಗಳ ಬಾಯಿಂದ ಕೇಳಿದ್ದನ್ನು ವರ್ಷಗಳಾದಮೇಲೆ ಫ್ರಾನ್ಸಿನ ಮಾರ್ಸೇಯಲ್ಲಿ ಕೂತು ಲ್ಯಾಟಿನ್ನಿನಲ್ಲಿ ಬರೆದ. ಹನ್ನೆರಡನೆಯ ಸಂವಾದದ ಗುರು ಅಬ್ಬಾ ಖೈರೆಮೋನ್. ನೂರು ದಾಟಿದವನು, ಬೆನ್ನು ಬಾಗಿ ಕೈ ನೆಲಕ್ಕೆ ತಾಗುವಂತೆ ನಡೆಯುವವನು. ಅಂಥ ಮುದುಕನನ್ನು ಇಬ್ಬರು ತರುಣರು ಕೇಳುವ ಪ್ರಶ್ನೆ, ಕಾಮದ ಬೆಂಕಿ ಪೂರ್ತಿ ಆರುವುದುಂಟೇ ಎಂದು. ಅವನು ನಗುವುದಿಲ್ಲ, ಬೈಯುವುದೂ ಇಲ್ಲ. ಮೆಟ್ಟಿಲು ಮೆಟ್ಟಿಲಾಗಿ ಲೆಕ್ಕ ಕೊಡುತ್ತಾನೆ.

ಅದನ್ನು ನೋಡುವ ಮೊದಲು ನಮ್ಮ ಕಡೆಯ ರಸೀತಿ ಪುಸ್ತಕವನ್ನೂ ಒಮ್ಮೆ ತಿರುವಿ ಹಾಕಬೇಕು. ಗಿಬ್ಸನ್ ನಮ್ಮಲ್ಲೂ ಇದ್ದ.

ಹರಿಹರನ ‘ಪ್ರಭುದೇವರ ರಗಳೆ’ಯ ಅಲ್ಲಮ ಮದ್ದಳೆ ಬಾರಿಸುವ ತರುಣ. ಕಮಲತೆಯನ್ನು ಕಂಡು ಮರುಳಾಗುತ್ತಾನೆ, ಅವಳೊಂದಿಗೆ ಸುಖದಲ್ಲಿ ಮುಳುಗುತ್ತಾನೆ. ಅವಳು ಜ್ವರದಿಂದ ಸತ್ತಾಗ ಹುಚ್ಚನಂತೆ ಅಲೆಯುತ್ತಾನೆ. ಹಾಗೆ ಅಲೆಯುತ್ತ ಒಂದು ತೋಟದಲ್ಲಿ ನೆಲ ಕೆರೆಯುತ್ತಿರುವಾಗ ಕಾಲಿಗೆ ಹೂತುಹೋದ ಗುಡಿಯ ಕಳಸ ಸಿಗುತ್ತದೆ. ಅಗೆದು ಒಳಹೊಕ್ಕರೆ ಅನಿಮಿಷಯ್ಯ, ಅವನ ಕೈಯಲ್ಲಿ ಲಿಂಗ. ಮುಂದೆ ಹದಿನೈದನೆಯ ಶತಮಾನದಲ್ಲಿ, ಪ್ರೌಢದೇವರಾಯನ ಕಾಲದಲ್ಲಿ ಚಾಮರಸ ‘ಪ್ರಭುಲಿಂಗಲೀಲೆ’ ಬರೆಯುವ ಹೊತ್ತಿಗೆ ಈ ಪುಟವೇ ಕಾಣೆಯಾಗಿದೆ. ಅಲ್ಲಿ ಬನವಸೆಯ ಅರಸುಮಗಳು ಮಾಯೆ ಬಲೆ ಬೀಸುತ್ತಾಳೆ, ಅಲ್ಲಮ ಸಿಕ್ಕಿಬೀಳುವುದೇ ಇಲ್ಲ. ಮದ್ದಳೆ ಬಾರಿಸುತ್ತಾನೆ, ಬೆವರುವುದಿಲ್ಲ. ಈ ವ್ಯತ್ಯಾಸವನ್ನು ನಮ್ಮ ವಿದ್ವಾಂಸರು ಎಂದೋ ಗುರುತಿಸಿದ್ದಾರೆ, ಇದು ನನ್ನ ಶೋಧವಲ್ಲ. ಚಾಮರಸನಿಗೆ ಬೇಕಾದದ್ದು ತತ್ತ್ವದ ಎತ್ತರ, ಅದನ್ನು ಅವನು ಸಾಧಿಸಿದ. ಆದರೆ ರಾತ್ರಿ ಹನ್ನೊಂದಕ್ಕೆ ಒಂಟಿ ಕೋಣೆಯಲ್ಲಿ ಕೂತ ಮನುಷ್ಯನಿಗೆ ಚಾಮರಸನ ಅಲ್ಲಮನಿಂದ ಉಪಯೋಗವಿಲ್ಲ. ಬೀಳದವನ ಕತೆಯಲ್ಲಿ ಏಳುವುದನ್ನು ಕಲಿಸುವ ಜಾಗವೇ ಇರುವುದಿಲ್ಲ. ಹರಿಹರನ ಅಲ್ಲಮನ ಕಾಲು ಕಳಸಕ್ಕೆ ತಗುಲಿದ್ದು ಕಮಲತೆಗಾಗಿ ಅಲೆದದ್ದರಿಂದ.

ಸಾಹಿತ್ಯದಲ್ಲಿ ಪುಟ ಹರಿದಂತೆ ನುಡಿಯಲ್ಲೂ ಒಂದು ಕಡೆ ಖಾಲಿ ಬಿದ್ದಿದೆ. ನಾನು ಹೇಳಹೊರಟ ಗುಣಕ್ಕೆ ಕನ್ನಡದಲ್ಲಿ ಸರಿಯಾದ ಪದವಿಲ್ಲ. ‘ಬ್ರಹ್ಮಚರ್ಯ’ ಎಂದರೆ ಮದುವೆಯಾಗದಿರುವುದು ಎಂದೇ ಜನ ತಿಳಿಯುತ್ತಾರೆ. ‘ಪಾತಿವ್ರತ್ಯ’ ಹೆಂಡತಿಯ ತಲೆಯ ಮೇಲಿನ ಹೊರೆ. ‘ಶೀಲ’ ಹೇಳಲಿಕ್ಕೆ ಎಲ್ಲರಿಗೂ ಸೇರಿದ್ದು, ಆಡುಮಾತಿನಲ್ಲಿ ಹೆಣ್ಣಿನದಕ್ಕೆ ಮಾತ್ರ ಭಂಗ ಬರುತ್ತದೆ. ‘ಏಕಪತ್ನೀವ್ರತ’ ಶ್ರೀರಾಮನಿಗೆ ಮೀಸಲು. ಮದುವೆಯಾಗಿ, ಮಕ್ಕಳಿದ್ದು, ಸಂಬಳ ತರುವ ಗಂಡಸು ತನ್ನ ಆಸೆಗಳನ್ನು ಪ್ರೀತಿಯ ಹದಕ್ಕೆ ತರುವ ದಿನನಿತ್ಯದ ಕೆಲಸಕ್ಕೆ ಏನನ್ನಬೇಕು? ಕನ್ನಡ ಬೈಬಲ್ಲಿನ ಅನುವಾದಕರು ಗಲಾತ್ಯದವರಿಗೆ ಬರೆದ ಪತ್ರದಲ್ಲಿ ಇದರ ಹತ್ತಿರದ ಒಂದು ಗುಣಕ್ಕೆ ‘ಶಮೆದಮೆ’ ಎಂದು ಹಾಕಿದರು. ವೇದಾಂತದ ಮನೆಯಿಂದ ತಂದ ಜೋಡಿ ಅದು. ಶಮ ಒಳಗಿನ ಮನಸ್ಸಿನದು, ದಮ ಹೊರಗಿನ ಇಂದ್ರಿಯಗಳದು. ಶಿವಮೊಗ್ಗ ಕಡೆಯ ನಮ್ಮ ಕಥೋಲಿಕ ಮನೆಯಲ್ಲಿ ಹುಡುಗನಾಗಿದ್ದಾಗ ಅದನ್ನು ಒಂದೇ ಪದವೆಂದು, ಯಾವುದೋ ಸೊಪ್ಪಿನ ಹೆಸರಿನಂತೆ, ಅರ್ಥವಿಲ್ಲದೆ ಓದಿದ್ದೇನೆ. ಈಗ ನೋಡಿದರೆ ಎರಡನ್ನೂ ಬಿಡಿಸದೆ ಒಟ್ಟಿಗೆ ಇಟ್ಟದ್ದು ಒಳ್ಳೆಯ ಅನುವಾದ ಅನಿಸುತ್ತದೆ. ಈ ಬರಹದಲ್ಲಿ ನಾನು ‘ಶುದ್ಧಿ’ ಎನ್ನುತ್ತೇನೆ, ಬೇರೆ ದಾರಿಯಿಲ್ಲದೆ.

ಯೋಚನೆಯಲ್ಲಿ ಮಾಡಿದ್ದೂ ಪಾಪವೇ ಎಂಬ ಕ್ರಿಸ್ತನ ಮಾತು ಕಠಿಣವೆಂದು ಇಲ್ಲಿನ ಗೆಳೆಯರು ಆಗಾಗ ಹೇಳುತ್ತಾರೆ. ಕನ್ನಡದವರಿಗೆ ಅದು ಹೊಸದಾಗಬಾರದು. ಜನ್ನ 1209ರಲ್ಲಿ ಮುಗಿಸಿದ ‘ಯಶೋಧರ ಚರಿತೆ’ಯಲ್ಲಿ ಕೊಂದದ್ದು ಹಿಟ್ಟಿನ ಹುಂಜವನ್ನು. ಕೊಲ್ಲುವ ಸಂಕಲ್ಪ ಮಾತ್ರ ನಿಜದ್ದು. ಅದಕ್ಕೆ ತಾಯಿ ಮಗ ಇಬ್ಬರೂ ಜನ್ಮ ಜನ್ಮ ಬೆಲೆ ತೆರುತ್ತಾರೆ. ಮರುಭೂಮಿಯ ತಪಸ್ವಿಗಳು ಇಲ್ಲಿ ಜನ್ನನಿಗಿಂತ ಮೃದು. ಕ್ಯಾಸಿಯನ್‌ನ ಹಿಂದೆ ನಿಂತ ಎವಾಗ್ರಿಯಸ್ ಎಂಟು ‘ಯೋಚನೆ’ಗಳ ಪಟ್ಟಿ ಮಾಡಿದ: ಹೊಟ್ಟೆಬಾಕತನ, ಕಾಮ, ಹಣದಾಸೆ, ದುಃಖ, ಕೋಪ, ಬೇಸರ, ಹೊಗಳಿಕೆಯ ಹಂಬಲ, ಅಹಂಕಾರ. ನಾವು ಅರಿಷಡ್ವರ್ಗ ಎನ್ನುತ್ತೇವೆ, ಆರೂ ಶತ್ರುಗಳು. ಅವನು ಶತ್ರುವೆನ್ನದೆ ಯೋಚನೆ ಎಂದ. ಬರುವುದು ನಮ್ಮ ಕೈಯಲ್ಲಿಲ್ಲ, ಕೂರಿಸಿ ಊಟ ಹಾಕುವುದು ನಮ್ಮ ಕೈಯಲ್ಲಿದೆ ಎಂಬುದು ಅವನ ನಿಲುವು. ಪುಸ್ತಕದಿಂದ ಕಲಿತ ಮಾತಲ್ಲ ಅದು. ಕಾನ್‌ಸ್ಟಾಂಟಿನೋಪಲ್ಲಿನಲ್ಲಿ ಮದುವೆಯಾದ ಹೆಂಗಸೊಬ್ಬಳ ಮೋಹಕ್ಕೆ ಸಿಕ್ಕಿ ಊರು ಬಿಟ್ಟು ಓಡಿ ಬಂದವನು ಅವನು. ಆರನೆಯ ಶತಮಾನದ ಕೊನೆಯಲ್ಲಿ ಪೋಪ್ ಗ್ರೆಗರಿ ಈ ಎಂಟನ್ನು ತಿದ್ದಿ ಏಳು ಮಾಡಿದ. ಯೋಚನೆಗಳು ಪಾಪಗಳಾದದ್ದು ಆಮೇಲಿನ ಕತೆ.

ಈಗ ನನ್ನ ವಿಷಯ ಸ್ವಲ್ಪ ಹೇಳಬೇಕು. ಹೇಳದಿದ್ದರೆ ನಾನೂ ಗಿಬ್ಸನ್ ಆಗುತ್ತೇನೆ.

ಬಿಕಾಂ, ಸಿಎ ಮುಗಿಸಿ ಊರಿನಲ್ಲಿ ಕೆಲವು ವರ್ಷ ಕೆಲಸ ಮಾಡಿ ಈ ದೇಶಕ್ಕೆ ಬಂದಾಗ ಮೊದಲ ಹದಿನಾಲ್ಕು ತಿಂಗಳು ಒಬ್ಬನೇ ಇದ್ದೆ. ಹೆಂಡತಿ ಮತ್ತು ಮಗುವಿನ ವೀಸಾ ಕಾಗದಗಳು ತಡವಾದವು. ವಾರೆನ್ನಿನಲ್ಲಿ ಒಂದು ಕೋಣೆಯ ಅಪಾರ್ಟ್‌ಮೆಂಟು. ಸಂಜೆ ಐದಕ್ಕೆ ಕತ್ತಲು, ಕಿಟಕಿಯಾಚೆ ಹಿಮ, ಊರಿನವರೆಲ್ಲ ಮಲಗಿರುವ ಹೊತ್ತು, ಕೈಯಲ್ಲಿ ಫೋನು. ಬಿಡಿಸಿ ಹೇಳುವ ಅಗತ್ಯವಿಲ್ಲ, ಇಲ್ಲಿ ಒಂಟಿಯಾಗಿ ಚಳಿಗಾಲ ಕಳೆದ ಗಂಡಸರಿಗೆ ಗೊತ್ತಿರುತ್ತದೆ. ಪಾಪನಿವೇದನೆಗೆ ಹೋದರೆ ಇಂಗ್ಲಿಷಿನಲ್ಲಿ ಹೇಳಬೇಕು. ಕನ್ನಡದಲ್ಲಿ ನಾಚಿಕೆಯಾಗುವ ಮಾತು ಇಂಗ್ಲಿಷಿನಲ್ಲಿ ಇನ್ಯಾರದೋ ವರದಿಯಂತೆ ಸಲೀಸಾಗಿ ಹೊರಬರುತ್ತಿತ್ತು. ಅದು ನನಗೆ ಹಿಡಿಸಲಿಲ್ಲ. ಹೀಗಾಗಿ ಲೆಕ್ಕದವನು ಮಾಡುವುದನ್ನೇ ಮಾಡಿದೆ, ಪುಸ್ತಕ ಇಟ್ಟೆ.

ಇದಕ್ಕೆ ಒಳ್ಳೆಯ ವಂಶಾವಳಿಯೇ ಇದೆ. ಜಮಾ ಖರ್ಚಿನ ಎರಡು ಕಲಮಿನ ಪದ್ಧತಿಯನ್ನು 1494ರಲ್ಲಿ ವೆನಿಸ್ಸಿನಲ್ಲಿ ಮೊದಲು ಅಚ್ಚು ಹಾಕಿಸಿದ ಲೂಕಾ ಪಾಚೋಲಿ ಫ್ರಾನ್ಸಿಸ್ಕನ್ ಸನ್ಯಾಸಿ. ವ್ಯಾಪಾರಿಯ ಮೊದಲ ಪುಸ್ತಕದ ಮೇಲೆ ಶಿಲುಬೆಯ ಗುರುತು ಹಾಕಬೇಕೆಂದು ಹೇಳಿಕೊಟ್ಟವನು. ಅಂಗಡಿಯ ಪುಸ್ತಕಕ್ಕೆ ಶಿಲುಬೆ ಹತ್ತಿದ ಕೆಲವೇ ದಶಕಗಳಲ್ಲಿ ಶಿಲುಬೆಯ ಮನೆಗೆ ಅಂಗಡಿಯ ಪುಸ್ತಕ ಬಂತು. ಪೋಪ್ ಮೂರನೆಯ ಪೌಲ್ 1548ರಲ್ಲಿ ಒಪ್ಪಿಗೆ ಕೊಟ್ಟ ಇಗ್ನೇಷಿಯಸ್ ಲೊಯೋಲಾನ ‘ಆಧ್ಯಾತ್ಮಿಕ ಸಾಧನೆಗಳು’ ಕೃತಿಯಲ್ಲಿ ಒಂದು ಕೋಷ್ಟಕವಿದೆ. ಬೆಳಿಗ್ಗೆ ಏಳುವಾಗ ತಿದ್ದಿಕೊಳ್ಳಬೇಕಾದ ಒಂದೇ ದೋಷವನ್ನು ನೆನೆಯಬೇಕು. ಮಧ್ಯಾಹ್ನದ ಊಟವಾದಮೇಲೆ ಗಂಟೆ ಗಂಟೆಯ ಲೆಕ್ಕ ತೆಗೆದು, ಎಷ್ಟು ಸಲ ಬಿದ್ದೆನೋ ಅಷ್ಟು ಚುಕ್ಕೆಗಳನ್ನು ಮೊದಲ ಗೆರೆಯ ಮೇಲೆ ಇಡಬೇಕು. ರಾತ್ರಿ ಊಟವಾದಮೇಲೆ ಎರಡನೆಯ ಗೆರೆ. ಗೆರೆಯನ್ನು ಗೆರೆಗೆ, ದಿನವನ್ನು ದಿನಕ್ಕೆ, ವಾರವನ್ನು ವಾರಕ್ಕೆ ಹೋಲಿಸಬೇಕು. ಭಾನುವಾರದಿಂದ ಶನಿವಾರಕ್ಕೆ ಬರುತ್ತ ಗೆರೆಗಳ ಉದ್ದ ಕಡಿಮೆಯಾಗುತ್ತ ಹೋಗುತ್ತದೆ. ಇದನ್ನು ನೋಡಿ ನನಗೆ ನಗು ಬಂತು, ಗೌರವವೂ ಬಂತು. ಮನುಷ್ಯ ನಾಳೆಯೂ ಬೀಳುತ್ತಾನೆ, ಆದರೆ ಇವತ್ತಿಗಿಂತ ಕಡಿಮೆ ಎಂದು ಬಜೆಟ್ಟಿನಲ್ಲೇ ಜಾಗ ಇಟ್ಟಿದ್ದಾನೆ ಇಗ್ನೇಷಿಯಸ್.

ಎರಡು ಶತಮಾನದ ನಂತರ ಬೆಂಜಮಿನ್ ಫ್ರಾಂಕ್ಲಿನ್ ಇಂಥದೇ ಪುಸ್ತಕ ಮಾಡಿದ. ಹದಿಮೂರು ಗುಣ, ಏಳು ದಿನ, ತಪ್ಪಿಗೊಂದು ಕಪ್ಪು ಚುಕ್ಕೆ. ಶುದ್ಧಿ ಅವನ ಪಟ್ಟಿಯಲ್ಲಿ ಹನ್ನೆರಡನೆಯದು, ಕೆಳಗಿನಿಂದ ಎರಡನೆಯದು. ಹಳೆಯ ಚುಕ್ಕೆ ಅಳಿಸಿ ಅಳಿಸಿ ಕಾಗದ ತೂತಾದಾಗ ಒರೆಸಲು ಬರುವ ದಂತದ ಹಾಳೆಗೆ ಬದಲಾಯಿಸಿಕೊಂಡನೆಂದು ಆತ್ಮಕತೆಯಲ್ಲಿ ಬರೆದಿದ್ದಾನೆ. ಹಳೆಯ ನಮೂದು ಒರೆಸಿ ಹಾಕುವ ಪುಸ್ತಕವನ್ನು ಯಾವ ಆಡಿಟರೂ ಒಪ್ಪಲಾರ. ಇಗ್ನೇಷಿಯಸ್ ಒರೆಸಲು ಹೇಳುವುದಿಲ್ಲ, ಹೋಲಿಸಲು ಹೇಳುತ್ತಾನೆ.

ಇವತ್ತು ಇಲ್ಲಿನ ಚರ್ಚುಗಳಲ್ಲಿ ಗಂಡಸರಿಗೆಂದೇ ಹಂಚುವ ಶುದ್ಧಿಯ ಕೈಪಿಡಿಗಳನ್ನು ಹಲವು ಓದಿದ್ದೇನೆ. ಒಳ್ಳೆಯ ಉದ್ದೇಶದವು, ಕೆಲವರಿಗೆ ನಿಜವಾಗಿ ನೆರವಾಗಿವೆ. ಆದರೆ ಹೆಚ್ಚಿನವು ಇಗ್ನೇಷಿಯಸ್‌ನ ಹೆಸರು ಹೇಳಿ ಫ್ರಾಂಕ್ಲಿನ್‌ನ ಮೊಮ್ಮಕ್ಕಳಂತೆ ವರ್ತಿಸುತ್ತವೆ. ಕೊನೆಯ ಸಲ ಬಿದ್ದು ಎಷ್ಟು ದಿನವಾಯಿತೆಂದು ಎಣಿಸು, ಮತ್ತೆ ಬಿದ್ದರೆ ಸೊನ್ನೆಯಿಂದ ಶುರು ಮಾಡು. ತೊಂಬತ್ತು ದಿನದ ಗಳಿಕೆಯನ್ನು ಒಂದು ರಾತ್ರಿಯ ನಷ್ಟಕ್ಕೆ ಪೂರ್ತಿ ವಜಾ ಮಾಡುವ ಲೆಕ್ಕ ಯಾವ ಶಾಸ್ತ್ರದಲ್ಲಿದೆ? ಒಂದು ಬಾಕಿ ವಸೂಲಾಗಲಿಲ್ಲವೆಂದು ಅಂಗಡಿಯನ್ನೇ ದಿವಾಳಿ ಎಂದು ಯಾರೂ ಬರೆಯುವುದಿಲ್ಲ. ಸೊನ್ನೆಗೆ ಬಂದವನು ಮಾರನೆಯ ದಿನವೂ ಬೀಳುವುದು ಇದರಿಂದಲೇ. ಹೇಗೂ ಕಳಕೊಂಡಾಯಿತಲ್ಲ ಎನ್ನುತ್ತದೆ ಮನಸ್ಸು.

ನಾನು ಇಗ್ನೇಷಿಯಸ್‌ನ ಗೆರೆಗಳನ್ನೇ ಎಕ್ಸೆಲ್ಲಿನಲ್ಲಿ ಹಾಕಿದೆ. ನಾಲ್ಕನೆಯ ತಿಂಗಳಿಗೆ ಚುಕ್ಕೆಗಳು ಕಡಿಮೆಯಾದವು. ಆರನೆಯದಕ್ಕೆ ಕಲಮು ಬಹುತೇಕ ಖಾಲಿ. ಏಪ್ರಿಲ್ 15ರ ತೆರಿಗೆ ಗಡುವು ಮುಗಿದ ವಾರ, ದಿನಕ್ಕೆ ಹದಿನಾಲ್ಕು ಗಂಟೆ ದುಡಿದು ಬಳಲಿದ್ದರೂ ಹಾಳೆ ಬೆಳ್ಳಗಿತ್ತು. ಆ ಭಾನುವಾರ ಹೆಂಡತಿಗೆ ಫೋನು ಮಾಡಿದಾಗ ಅವಳು ಮಗುವಿನ ಜ್ವರದ ವಿಷಯ ಶುರು ಮಾಡಿದಳು. ನಡುವೆಯೇ ತಡೆದು, ಆಸ್ಪತ್ರೆಯ ಬಿಲ್ಲು ಇಟ್ಟುಕೊಂಡಿದ್ದೀಯಾ ಎಂದು ಕೇಳಿದೆ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು.

“ರೀ, ನೀವು ಈಗೀಗ ಯಾವಾಗಲೂ ಸಿಟ್ಟಲ್ಲೇ ಇರ್ತೀರಿ,” ಎಂದಳು. “ಮೊದಲು ಹೀಗಿರಲಿಲ್ಲ.”

ಮೊದಲು, ಅಂದರೆ ಚುಕ್ಕೆಗಳಿದ್ದ ಕಾಲದಲ್ಲಿ. ಅವಳಿಗೆ ನನ್ನ ಹಾಳೆಯ ವಿಷಯ ಗೊತ್ತಿರಲಿಲ್ಲ.

ಖೈರೆಮೋನ್ ಹೇಳಿದ್ದು ನನಗೆ ಅರ್ಥವಾದದ್ದು ಈ ಫೋನಿನ ಹಿನ್ನೆಲೆಯಲ್ಲಿ. ಕೋಪ ಎಷ್ಟು ದೂರವಾಗುತ್ತದೆಯೋ ಶುದ್ಧಿ ಅಷ್ಟು ಗಟ್ಟಿ ಎನ್ನುತ್ತಾನೆ ಅವನು. ದೇಹದ ಬೆಂಕಿ ಮನಸ್ಸಿನ ಸಾಧುತನದಲ್ಲಿ ಆರುತ್ತದೆಯೇ ಹೊರತು ಬರೀ ಉಪವಾಸದಲ್ಲಲ್ಲ. ಇನ್ನೊಂದು ಭೇದವನ್ನೂ ಅವನು ಎಳೆಯುತ್ತಾನೆ. ಹಲ್ಲು ಕಚ್ಚಿ ತಡೆದುಕೊಳ್ಳುವುದು ನಿಗ್ರಹ. ತಡೆಯುವಾಗ ಬಯಕೆ ಒಳಗೆ ಹಾಗೇ ಇರುತ್ತದೆ, ಯುದ್ಧ ನಡೆದೇ ಇರುತ್ತದೆ. ಶುದ್ಧಿ ಬೇರೆ: ಒಳ್ಳೆಯದರ ಮೇಲೆ ಪ್ರೀತಿ ಹುಟ್ಟಿ ಕಾಳಗದ ಗದ್ದಲ ತಗ್ಗಿದ ಸ್ಥಿತಿ. ನನ್ನ ಹಾಳೆ ನಿಗ್ರಹದ ಹಾಳೆಯಾಗಿತ್ತು. ಒಂದು ಖಾತೆಯ ಬಾಕಿಯನ್ನು ಇನ್ನೊಂದಕ್ಕೆ ವರ್ಗ ಮಾಡಿ ಮೊದಲನೆಯದು ತೀರಿತೆಂದು ತೋರಿಸಿದ್ದೆ. ಕಚೇರಿಯಲ್ಲಿ ಬೇರೆಯವರು ಹೀಗೆ ಮಾಡಿದ್ದನ್ನು ಹಿಡಿಯುವುದೇ ನನ್ನ ಹೊಟ್ಟೆಪಾಡು.

ಅವನು ಕೊಡುವ ಪರೀಕ್ಷೆಯ ಅವಧಿ ಆರು ತಿಂಗಳು. ಹರಟೆ ಬಿಟ್ಟು, ಸಿಟ್ಟು ಬಿಟ್ಟು, ಲೋಕದ ಚಿಂತೆ ಬಿಟ್ಟು, ದಿನಕ್ಕೆ ಎರಡು ರೊಟ್ಟಿ, ಮಿತವಾದ ನೀರು, ಮೂರು ನಾಲ್ಕು ಗಂಟೆ ನಿದ್ದೆಯಲ್ಲಿದ್ದು, ಇದೆಲ್ಲ ನನ್ನ ಶ್ರಮದ ಫಲವಲ್ಲ ದೇವರ ಕರುಣೆ ಎಂದು ನಂಬಿದವನಿಗೆ ಆರು ತಿಂಗಳಲ್ಲಿ ಶುದ್ಧಿ ಅಸಾಧ್ಯವಲ್ಲವೆಂದು ತಿಳಿಯುತ್ತದಂತೆ. ಕೈಗೆ ಬರುತ್ತದೆ ಎನ್ನಲಿಲ್ಲ, ಅಸಾಧ್ಯವಲ್ಲ ಎಂದು ತಿಳಿಯುತ್ತದೆ ಎಂದ. ಈ ಎಚ್ಚರ ಒಳ್ಳೆಯ ಆಡಿಟ್ ವರದಿಯ ಎಚ್ಚರ. ಪಟ್ಟಿಯನ್ನು ಇನ್ನೊಮ್ಮೆ ನೋಡಿ: ಹೆಣ್ಣಿನ ಮಾತೇ ಇಲ್ಲ, ನಾಲಗೆ, ಸಿಟ್ಟು, ಊಟ, ನಿದ್ದೆ, ಗರ್ವ. ರೋಗ ಒಂದು ಕಡೆ, ಮದ್ದು ಸುತ್ತಲೂ. ಗಿಬ್ಸನ್ ಬಿಟ್ಟದ್ದರಿಂದ ಆದ ನಷ್ಟ ಇದು. ಅಧ್ಯಾಯವನ್ನು ಓದದವರು ಅದರಲ್ಲಿ ಕಾಮದ ವರ್ಣನೆಯಿದೆ ಎಂದುಕೊಂಡರು. ಇದ್ದದ್ದು ತಾಳ್ಮೆಯ ಪಾಠ.

ಹಾಗೆಂದು ಹನ್ನೆರಡನೆಯ ಸಂವಾದವನ್ನು ಕಣ್ಣು ಮುಚ್ಚಿ ಒಪ್ಪಲಾರೆ. ಶುದ್ಧಿಗೆ ಆರು ಮೆಟ್ಟಿಲು ಹೇಳುತ್ತಾನೆ ಖೈರೆಮೋನ್. ಮೊದಲನೆಯದು ಎಚ್ಚರದಲ್ಲಿ ದೇಹದ ಒತ್ತಡಕ್ಕೆ ಸೋಲದಿರುವುದು, ಆರನೆಯದು ಕನಸಿನಲ್ಲೂ ಮೋಸಹೋಗದಿರುವುದು. ಐದನೆಯದರಲ್ಲಿ ಮನುಷ್ಯರ ಹುಟ್ಟಿನ ವಿಷಯ ಓದಿನಲ್ಲಿ ಬಂದರೆ ಇಟ್ಟಿಗೆ ಮಾಡುವ ಕೆಲಸವನ್ನೋ ಇನ್ನಾವುದೋ ಕಸುಬನ್ನೋ ನೆನೆದಷ್ಟೇ ನಿರ್ಲಿಪ್ತವಾಗಿ ನೆನೆಯಬೇಕು. ಮಗಳನ್ನು ಮೊದಲ ಸಲ ಎತ್ತಿಕೊಂಡ ಯಾವ ತಂದೆಯೂ ಇದನ್ನು ಎತ್ತರದ ಮೆಟ್ಟಿಲೆಂದು ಒಪ್ಪಲಾರ. ಇದು ಸನ್ಯಾಸಿಯ ಏಣಿ. ಸಂಸಾರಿ ಅದನ್ನು ಹಾಗೇ ಎತ್ತಿ ತಂದು ತನ್ನ ಗೋಡೆಗೆ ಒರಗಿಸಿದರೆ ಅದು ಮುಟ್ಟುವುದು ಬೇರೆಯವರ ಅಟ್ಟವನ್ನು.

ಎರಡನೆಯ ತಕರಾರು ಏಕಾಂತದ್ದು. ಉಳಿದ ದೋಷಗಳು ಜನರ ನಡುವೆ ತಿಕ್ಕಾಡಿ ನಯವಾಗುತ್ತವೆ, ಇದೊಂದಕ್ಕೆ ಏಕಾಂತ ಬೇಕು ಎಂದು ‘ಮಠನಿಯಮಗಳು’ ಗ್ರಂಥದ ಆರನೆಯ ಭಾಗದಲ್ಲಿ ಕ್ಯಾಸಿಯನ್ ಹೇಳುತ್ತಾನೆ. ಅವನ ಮರುಭೂಮಿಯ ಏಕಾಂತದಲ್ಲಿ ಪಕ್ಕದ ಗುಡಿಸಿಲಲ್ಲಿ ಗುರುವಿದ್ದ, ಕೈಗೆ ಹೆಣೆಯುವ ಕೆಲಸವಿತ್ತು, ಮನಸ್ಸಿಗೆ ಬಂದದ್ದನ್ನೆಲ್ಲ ಬಿಚ್ಚಿ ಹೇಳುವ ರೂಢಿಯಿತ್ತು. ವಾರೆನ್ನಿನ ಅಪಾರ್ಟ್‌ಮೆಂಟಿನ ಏಕಾಂತದಲ್ಲಿ ಇದ್ದದ್ದು ಹೀಟರಿನ ಸದ್ದು. ಎರಡಕ್ಕೂ ಒಂದೇ ಪದ ಬಳಸುವುದು ತಪ್ಪು. ನನ್ನದು ಏಕಾಂತವಲ್ಲ, ಒಂಟಿತನ.

ಮೂರನೆಯದು ದೊಡ್ಡದು. ಮೂರನೆಯ ಮೆಟ್ಟಿಲಿನಲ್ಲಿ ಹೆಂಗಸನ್ನು ಕಂಡರೂ ಮನಸ್ಸು ಕದಲಬಾರದು ಎಂದಿದೆ. ಆ ಹೆಂಗಸು ಕಾಣುತ್ತಾಳೆ, ಮಾತಾಡುವುದಿಲ್ಲ. ಇಡೀ ಸಂವಾದದಲ್ಲಿ ಅವಳಿಗೆ ಬಾಯಿಲ್ಲ. ಇಲ್ಲಿ ಕನ್ನಡದ ಪುಸ್ತಕ ಮುಂದಿದೆ. ಶೂನ್ಯಸಂಪಾದನೆಯಲ್ಲಿ ಅಲ್ಲಮ ಅಕ್ಕನನ್ನು ಕೆಣಕುತ್ತಾನೆ: ಸೀರೆ ಬಿಟ್ಟವಳು ಕೂದಲನ್ನೇಕೆ ಮರೆಮಾಡಿಕೊಂಡೆ? ತನಗಾಗಿ ಅಲ್ಲ, ನೋಡುವ ನಿಮಗೆ ನೋವಾದೀತೆಂದು ಎಂಬ ಭಾವದಲ್ಲಿ ಅಕ್ಕ ಉತ್ತರಿಸುತ್ತಾಳೆ. ನೋಟಕ್ಕೆ ಗುರಿಯಾದವಳು ನೋಡುವವನ ಕಷ್ಟವನ್ನೂ ಲೆಕ್ಕಕ್ಕೆ ತೆಗೆದುಕೊಂಡಿದ್ದಾಳೆ. ಖೈರೆಮೋನ್ ಆರು ಮೆಟ್ಟಿಲಲ್ಲಿ ಎಲ್ಲೂ ಮುಟ್ಟದ ಜಾಗ ಇದು. ಕಾಮದ ಮಾತಲ್ಲದಿದ್ದರೂ ಆಯ್ದಕ್ಕಿ ಲಕ್ಕಮ್ಮನೂ ನೆನಪಾಗುತ್ತಾಳೆ. ಗಂಡ ಮಾರಯ್ಯ ಅಂದಿನ ಅಗತ್ಯಕ್ಕಿಂತ ಹೆಚ್ಚು ಅಕ್ಕಿ ಆಯ್ದು ತಂದಾಗ ಒಪ್ಪದೆ ಹಿಂದಕ್ಕೆ ಕಳಿಸಿದವಳು. ಗಂಡನ ಆಸೆಯ ಆಡಿಟರ್ ಹೆಂಡತಿ. ಇಂಥ ಮನೆಯ ಚಿತ್ರ ಮರುಭೂಮಿಯ ಸಾಹಿತ್ಯದಲ್ಲಿ ನನಗೆ ಸಿಗಲಿಲ್ಲ. ಫೋನಿನಲ್ಲಿ ನನ್ನ ಹೆಂಡತಿ ಮಾಡಿದ್ದೂ ಅದನ್ನೇ, ಅವಳಿಗೆ ಗೊತ್ತಿಲ್ಲದೆ.

ಇನ್ನೊಂದು ಲೆಕ್ಕದ ಪುಸ್ತಕದ ಬಗ್ಗೆ ಹೇಳಬೇಕು. ಇದು ನಮ್ಮೂರಿನದು, ಅಂದರೆ ಈಗ ನಮ್ಮೂರಾದದ್ದರ ಪಕ್ಕದ್ದು. ವಾರೆನ್ನಿನಿಂದ ದಕ್ಷಿಣಕ್ಕೆ ಎಂಟು ಮೈಲಿ ರಸ್ತೆ ದಾಟಿದರೆ ಡೆಟ್ರಾಯ್ಟ್. ಅಲ್ಲಿ ಮೌಂಟ್ ಎಲಿಯಟ್ ಬೀದಿಯಲ್ಲಿ ಕಪುಚಿನ್ ಸಭೆಯ ಸಂತ ಬೊನವೆಂಚರ್ ಮಠವಿದೆ. 1924ರಿಂದ 1945ರವರೆಗೆ ಅದರ ಬಾಗಿಲು ಕಾದವರು ಸೊಲಾನಸ್ ಕೇಸಿ.

1870ರಲ್ಲಿ ವಿಸ್ಕಾನ್ಸಿನ್ನಿನಲ್ಲಿ, ಐರಿಷ್ ವಲಸಿಗರ ಹದಿನಾರು ಮಕ್ಕಳ ಮನೆಯಲ್ಲಿ ಹುಟ್ಟಿದವರು. ಮರದ ದಿಮ್ಮಿ ಸಾಗಿಸಿದರು, ಜೈಲಿನ ಕಾವಲು ಕಾದರು, ಟ್ರಾಮ್ ಓಡಿಸಿದರು. ಹದಿಹರೆಯದಲ್ಲಿ ಒಬ್ಬ ಹುಡುಗಿಯನ್ನು ಮದುವೆಯಾಗಲು ಕೇಳಿದ್ದರು, ಅವಳ ತಾಯಿ ಒಪ್ಪಲಿಲ್ಲ. 1896ರ ಡಿಸೆಂಬರಿನಲ್ಲಿ, ಯಾವ ಸಭ��ಯನ್ನೂ ಸೇರುವ ಮೊದಲೇ, ಶುದ್ಧಿಯ ವ್ರತವನ್ನು ತಾವಾಗಿ ತೊಟ್ಟು ಡೆಟ್ರಾಯ್ಟಿಗೆ ಬಂದರು. ಗುರುಮಠದಲ್ಲಿ ಪಾಠ ಜರ್ಮನ್ ಮತ್ತು ಲ್ಯಾಟಿನ್ನಿನಲ್ಲಿ, ಅಂಕ ಕಡಿಮೆ ಬಂತು. 1904ರಲ್ಲಿ ಗುರುದೀಕ್ಷೆ ಕೊಟ್ಟರು, ಆದರೆ ಪಾಪನಿವೇದನೆ ಕೇಳುವ ಹಾಗಿಲ್ಲ, ಸಿದ್ಧಾಂತದ ಪ್ರವಚನ ಮಾಡುವ ಹಾಗಿಲ್ಲ ಎಂಬ ಷರತ್ತಿನೊಡನೆ. ಕೊನೆಯವರೆಗೂ ಅದು ಹಾಗೆಯೇ ಉಳಿಯಿತು. ಹೀಗಾಗಿ ಬಾಗಿಲಿನ ಕೆಲಸ. ಹೊಟ್ಟೆಯ ವಿಷಯದಲ್ಲಿ ಅವರು ಎವಾಗ್ರಿಯಸ್‌ನ ಶಿಷ್ಯ: ರುಚಿ ಕೆಡಲೆಂದು ಬೆಳಗಿನ ತಿಂಡಿಯನ್ನೆಲ್ಲ ಒಂದರೊಳಗೊಂದು ಕಲಸಿ ತಿನ್ನುತ್ತಿದ್ದರಂತೆ. ಪಿಟೀಲು ಬಾರಿಸುತ್ತಿದ್ದರು, ಕೇಳುವಂತಿರಲಿಲ್ಲವಂತೆ. ಉಳಿದವರ ನಿಗ್ರಹಕ್ಕೆ ಅದೂ ಒಂದು ಸಾಧನವಾಗಿರಬೇಕು.

1923ರಲ್ಲಿ, ನ್ಯೂಯಾರ್ಕಿನಲ್ಲಿದ್ದಾಗ, ಮೇಲಧಿಕಾರಿಗಳು ಅವರಿಗೆ ಒಂದು ಪುಸ್ತಕ ಇಡಲು ಹೇಳಿದರು. ಬಾಗಿಲಿಗೆ ಬಂದವರ ಪ್ರಾರ್ಥನೆಗಳು ಫಲಿಸುತ್ತಿವೆ ಎಂಬ ಮಾತು ಹಬ್ಬಿತ್ತು, ದಾಖಲೆ ಬೇಕಿತ್ತು. ಅಂದಿನಿಂದ ನೋಟ್‌ಬುಕ್ಕುಗಳು ತುಂಬತೊಡಗಿದವು. ತಾರೀಖು, ಹೆಸರು, ಊರು, ಕಷ್ಟ. ಕುಡಿಯುವ ಗಂಡ, ಕ್ಯಾನ್ಸರು, ಕೆಲಸ ಹೋದವರು. ಕೆಲವು ಕಡೆ ಆಮೇಲೆ ಸೇರಿಸಿದ ಒಂದು ಸಾಲು: ಗುಣವಾಯಿತು, ಬಂದು ಹೇಳಿ ಹೋದರು. ಎಷ್ಟೋ ನಮೂದುಗಳ ಎದುರು ಏನೂ ಇಲ್ಲ. ಬಾಕಿಯನ್ನು ಬಾಕಿಯಾಗಿಯೇ ಬಿಟ್ಟಿದ್ದಾರೆ. ನಾನು ನೋಡಿದ ಅತ್ಯಂತ ಪ್ರಾಮಾಣಿಕ ಖಾತೆ ಪುಸ್ತಕ ಇದು ಎನ್ನಬಲ್ಲೆ. ವ್ರತ ತೊಟ್ಟ ಮನುಷ್ಯನ ಲೆಕ್ಕದ ಪುಸ್ತಕದಲ್ಲಿ ಅವನ ಚುಕ್ಕೆಗಳೇ ಇಲ್ಲ, ಪುಟದ ತುಂಬ ಬಾಗಿಲು ತಟ್ಟಿದವರು. ಇಗ್ನೇಷಿಯಸ್‌ನ ಕೋಷ್ಟಕವನ್ನು ನಾನು ಈಗಲೂ ಬಿಟ್ಟಿಲ್ಲ, ಅದು ಉಪಯೋಗದ್ದು. ಆದರೆ ಅದರ ಎದುರು ಪುಟದಲ್ಲಿ ಏನಿರಬೇಕೆಂದು ಕೈಪಿಡಿಗಳು ಹೇಳಿರಲಿಲ್ಲ. ಎರಡು ಕಲಮಿನ ಪದ್ಧತಿ ಕಲಿತ ನಾನು ಅಷ್ಟು ತಿಂಗಳು ಒಂದೇ ಕಲಮು ಬರೆದಿದ್ದೆ.

ಸೊಲಾನಸ್ 1957ರ ಜುಲೈ 31ರಂದು ತೀರಿಕೊಂಡರು. 2017ರ ನವೆಂಬರ್ 18ರಂದು ಡೆಟ್ರಾಯ್ಟಿನ ಫೋರ್ಡ್ ಫೀಲ್ಡ್ ಕ್ರೀಡಾಂಗಣದಲ್ಲಿ ಅವರಿಗೆ ‘ಧನ್ಯ’ ಪದವಿ ಕೊಟ್ಟರು, ಸಂತ ಪದವಿಗೆ ಒಂದು ಮೆಟ್ಟಿಲು ಕೆಳಗಿನದು. ಸಮಾಧಿ ಮಠದ ಚರ್ಚಿನಲ್ಲಿದೆ. ಬಂದವರು ಚಿಕ್ಕ ಚೀಟಿಯಲ್ಲಿ ತಮ್ಮ ಕೋರಿಕೆ ಬರೆದು ಅದರ ಮೇಲೆ ಇಟ್ಟು ಹೋಗುತ್ತಾರೆ.

ಹೆಂಡತಿ, ಮಗಳು ಬಂದ ವರ್ಷ ತಪಸ್ಸು ಕಾಲದ ಒಂದು ಶನಿವಾರ ಮೂವರೂ ಹೋಗಿದ್ದೆವು. ಅಷ್ಟು ಹೊತ್ತಿಗೆ ಹಾಳೆಯ ವಿಷಯ ಅವಳಿಗೆ ಹೇಳಿದ್ದೆ, ಕನ್ನಡದಲ್ಲಿ, ತಡವರಿಸುತ್ತ. ಅವಳು ಕೇಳಿದ್ದು ಒಂದೇ, ಇಷ್ಟು ದಿನ ಯಾಕೆ ಹೇಳಲಿಲ್ಲ ಎಂದು. ಸಮಾಧಿಯ ಹತ್ತಿರ ನಾನೊಂದು ಚೀಟಿ ಬರೆದೆ. ಅವಳು ನನ್ನ ಪೆನ್ನು ತೆಗೆದುಕೊಂಡು ಸ್ವಲ್ಪ ಆ ಕಡೆ ಹೋಗಿ, ಬೆನ್ನು ತಿರುಗಿಸಿ ನಿಂತು, ಬಹಳ ಹೊತ್ತು ಬರೆದಳು. ನಾಲ್ಕು ಮಡಿಕೆ ಮಾಡಿ ಇಟ್ಟಳು. ಏನು ಬರೆದೆ ಎಂದು ಕೇಳಲು ಬಾಯಿಗೆ ಬಂತು. ಪೆನ್ನು ವಾಪಸು ಇಸಿದುಕೊಂಡು ಮಗಳ ಕೋಟಿನ ಜಿಪ್ಪು ಹಾಕಿದೆ.